ಮಂದೆ ಹಾಕಿದ ಮೂರನೇ ದಿನ

ಜನನ ನೋಂದಣಿ ಪುಸ್ತಕದಲ್ಲಿ ‘ಹುಟ್ಟಿದ ಸ್ಥಳ’ ಎಂಬ ಅಂಕಣ ಎರಡು ಬೆರಳಿನಷ್ಟು ಅಗಲ ಇರುತ್ತದೆ. ಬೇರೆ ನರ್ಸುಗಳು ಅಲ್ಲಿ ‘ಆಸ್ಪತ್ರೆ’ ಎಂದೋ ‘ಮನೆ’ ಎಂದೋ ಬರೆದು ಮುಗಿಸುತ್ತಿದ್ದರು. ನಮ್ಮ ನರ್ಸಮ್ಮನಿಗೆ ಆ ಎರಡು ಬೆರಳು ಸಾಲುತ್ತಿರಲಿಲ್ಲ. ‘ಆಂಬುಲೆನ್ಸಿನಲ್ಲಿ, ಹೊಳಲ್ಕೆರೆ ರಸ್ತೆ, ಎರಡನೇ ಮೋರಿ ದಾಟಿದ ಮೇಲೆ, ಎಡಕ್ಕೆ ಜಾಲಿಮರ’ ಎಂದು ಬರೆಯುತ್ತಿದ್ದರು. ಅಕ್ಷರ ಚಿಕ್ಕದಾಗುತ್ತಾ ಆಗುತ್ತಾ ಪಕ್ಕದ ಅಂಕಣಕ್ಕೆ ನುಗ್ಗಿ ತಂದೆಯ ಹೆಸರಿನ ಮೇಲೆ ಹತ್ತುತ್ತಿತ್ತು. ಡಾಕ್ಟರು ಒಮ್ಮೆ ಪುಸ್ತಕ ಎತ್ತಿ ಹಿಡಿದು, ಇದು ಜನನ ನೋಂದಣಿಯೋ ದಾರಿ ಹೇಳುವ ಬೋರ್ಡೋ ಎಂದು ಕೇಳಿದರು.

"ದೊಡ್ಡೋನಾದ ಮೇಲೆ ಅವನು ಕೇಳ್ತಾನಲ್ಲ ಸಾರ್" ಎಂದರು ಇವರು.

ಮುಂದಿನ ತಿಂಗಳು ಒಂದು ಮಗು ಬಸ್ಸಿನಲ್ಲಿ ಹುಟ್ಟಿತು. ಸೀಟಿನ ನಂಬರನ್ನೂ ಬರೆದರು.

ಅವರು ಎತ್ತರದ ಹೆಂಗಸು ಎಂದು ಇಲ್ಲಿ ಮೊದಲು ಬರೆದಿದ್ದೆ. ನಿವೃತ್ತಿಯ ದಿನದ ಫೋಟೋ ತೆಗೆದು ನೋಡಿ ಆ ಸಾಲು ಹೊಡೆದು ಹಾಕಿದೆ. ಫೋಟೋದಲ್ಲಿ ನನ್ನ ಭುಜದವರೆಗೂ ಬರುವುದಿಲ್ಲ. ಆದರೆ ನೆನಪಿನಲ್ಲಿ ನಾನು ಅವರನ್ನು ತಲೆಯೆತ್ತಿಯೇ ನೋಡುತ್ತಿರುತ್ತೇನೆ. ನಾನು ಕೂತು ಮಾತ್ರೆ ಕತ್ತರಿಸುತ್ತಿದ್ದೆ, ಅವರು ನಿಂತಿರುತ್ತಿದ್ದರು, ಅದಕ್ಕಿರಬಹುದು. ಕೈಗಳ ವಿಷಯದಲ್ಲಿ ಮಾತ್ರ ನನಗೆ ಅನುಮಾನವಿಲ್ಲ. ಕೈ ತೊಳೆದ ಮೇಲೆ ಅವರು ಟವೆಲಿಗೆ ಒರೆಸುತ್ತಿರಲಿಲ್ಲ. ಎರಡೂ ಕೈ ಎದೆಯ ಮಟ್ಟಕ್ಕೆ ಎತ್ತಿ, ಬೆರಳು ಬಿಡಿಸಿ, ಗಾಳಿಗೆ ಆರಲು ಬಿಟ್ಟು ಹಾಗೆಯೇ ಮಾತಾಡುತ್ತಿದ್ದರು. ಹೊಸಬರಿಗೆ ಅವರು ಏನನ್ನೋ ಬೇಡವೆನ್ನುತ್ತಿದ್ದಾರೆ ಎಂದು ಅನ್ನಿಸುತ್ತಿತ್ತು.

ಬಿ.ದುರ್ಗದ ಕಡೆಯ ಒಂದು ಆರೋಗ್ಯ ಕೇಂದ್ರದಲ್ಲಿ ನಾನು ಔಷಧಿ ಕೊಡುವವನು, ಅವರು ನರ್ಸು. ಊರಿಗೆಲ್ಲ ನರ್ಸಮ್ಮ. ಏಳು ವರ್ಷ ಒಂದೇ ಕೋಣೆಯಲ್ಲಿ ಕೆಲಸ ಮಾಡಿದೆವು. ನಾನು ಹೊಸದುರ್ಗದವನು, ಮಳೆ ಬೆಳೆ ಕುರಿ ದನ ಯಾವುದೂ ತಿಳಿಯದವನು. ಅವರ ಕಥೆ ನನಗೆ ಅರ್ಥವಾಗಲು ಅವರೇ ಮೊದಲು ಮಂದೆ ಎಂದರೆ ಏನೆಂದು ಹೇಳಿಕೊಡಬೇಕಾಯಿತು.

ಅವರ ಮನೆಯವರು ಹಿರಿಯೂರು ತಾಲ್ಲೂಕಿನ ಮಾರಿಕಣಿವೆ ಕಡೆಯ ಕುರಿಗಾರರು. ಸುಗ್ಗಿ ಮುಗಿದ ಮೇಲೆ ಕುರಿ ಹೊಡೆದುಕೊಂಡು ಹೊಳಲ್ಕೆರೆ ದಾಟಿ ಈ ಕಡೆ ಬರುತ್ತಿದ್ದರು. ಇಲ್ಲಿನವರು ಕರೆದು ಹೊಲದಲ್ಲಿ ಮಂದೆ ಹಾಕಿಸುತ್ತಿದ್ದರು. ಬೆಳೆ ತೆಗೆದ ಹೊಲದಲ್ಲಿ ರಾತ್ರಿ ಕುರಿ ಕೂಡಿ ಹಾಕಿದರೆ ಹೊಲಕ್ಕೆ ಗೊಬ್ಬರ, ಕುರಿಯವರಿಗೆ ಕಾಳು, ಊಟ. ಗೊಬ್ಬರ ಹೊಲದ ತುಂಬ ಬೀಳಬೇಕಲ್ಲ, ಅದಕ್ಕೆ ದಿನಾ ಸಂಜೆ ಸುತ್ತ ಕಟ್ಟಿದ ಬಲೆ ಕಿತ್ತು, ಅದೇ ಹೊಲದೊಳಗೆ ಇನ್ನೊಂದು ಜಾಗಕ್ಕೆ ಸರಿಸುತ್ತಾರೆ. ಅಂಥ ಒಂದು ಮಂದೆಯಲ್ಲಿ ಇವರು ಹುಟ್ಟಿದರು. ತಾಯಿ ಹೇಳಿದ್ದು ಇಷ್ಟೇ: ‘ಬಿ.ದುರ್ಗದ ಕಡೆ, ಬೇವಿನ ಮರದ ಹೊಲ್ದಾಗೆ, ಮಂದೆ ಹಾಕಿದ ಮೂರನೇ ದಿನ, ನಸುಕಿಗೆ.’ ಹೊಲದ ಯಜಮಾನರ ಮಗಳು, ಹತ್ತು ವರ್ಷದವಳು, ಬಿಸಿನೀರು ಮತ್ತು ಒಂದು ಉಂಡೆ ಬೆಲ್ಲ ತಂದುಕೊಟ್ಟಿದ್ದಳಂತೆ.

ಶಾಲೆಗೆ ಸೇರಿಸುವಾಗ ಮೇಷ್ಟ್ರು ಹುಟ್ಟಿದ ಊರು ಎಂಬಲ್ಲಿ ತಂದೆಯ ಊರನ್ನು ಬರೆದುಕೊಂಡರು. ಸರ್ಕಾರಿ ಕೆಲಸದ ದಾಖಲೆಯಲ್ಲೂ ಅದೇ ಉಳಿಯಿತು. "ಆ ಊರು ನಾನು ನೋಡಿದ್ದೇ ನಾಕು ತಿಂಗಳ ಕೂಸಾದ ಮೇಲೆ. ನೋಡ್ದೇ ಇರೋ ಊರಾಗೆ ಹೆಂಗಪ್ಪ ಹುಟ್ಟಾಣ?" ಎನ್ನುತ್ತಿದ್ದರು.

ಶ್ರೀರಾಂಪುರದಿಂದ ವರ್ಗವಾಗಿ ಇಲ್ಲಿಗೆ ಬಂದ ವರ್ಷವೇ, ಅಲ್ಲಿ ಇಲ್ಲಿ ಮಂದೆ ಹಾಕಿದ್ದ ಮುದುಕರನ್ನು ಕೇಳುತ್ತಾ ಅವರು ಆ ಹೊಲ ಹುಡುಕಿದ್ದರು. ಎರಡೆಕರೆ. ಮೇಲಿನ ತುದಿಯಲ್ಲಿ ಬೇವಿನ ಮರ, ಅಲ್ಲಿಂದ ಇಳಿಜಾರಾಗಿ ಕೆಳಗಿನ ತುದಿಯಲ್ಲಿ ಹಳ್ಳದ ಪಕ್ಕದ ಬದು. ಸಂಜೆ ಒಬ್ಬರೇ ಅಲ್ಲಿಗೆ ಹೋಗಿ ಬರುತ್ತಿದ್ದರು. ಅಲ್ಲಿ ಏನು ಮಾಡುತ್ತಿದ್ದರು ಎಂದು ನಾನು ನೋಡಿಲ್ಲ. ಮರದ ಬುಡಕ್ಕೆ ಕೈಯಿಟ್ಟು ನಿಲ್ಲುತ್ತಿದ್ದರು ಎಂದು ಬರೆಯುವುದು ಸುಲಭ. ನಾನು ಕಂಡದ್ದು, ಮರುದಿನ ಬೆಳಿಗ್ಗೆ ಆಸ್ಪತ್ರೆಯ ಮೆಟ್ಟಿಲಿಗೆ ಚಪ್ಪಲಿ ತಿಕ್ಕಿ ಮಣ್ಣು ಉದುರಿಸುತ್ತಿದ್ದುದನ್ನು.

ಆ ಹೊಲ ಮಾರಾಟಕ್ಕಿದೆ ಎಂಬ ಸುದ್ದಿ ಬಂದಾಗ ಜೊತೆಗೇ ಇನ್ನೊಂದು ಮಾತೂ ಬಂತು: ಹೊಲದ ಮೇಲೆ ಕೇಸಿದೆ. ಪಹಣಿಯಲ್ಲಿ ಇದ್ದದ್ದು ತಮ್ಮನ ಹೆಸರು. ಅದೇ ಊರಿಗೆ ಕೊಟ್ಟಿದ್ದ ಅವನ ಅಕ್ಕ, ಅಪ್ಪನ ಹೊಲದಲ್ಲಿ ತನಗೂ ಅರ್ಧ ಬರಬೇಕು ಎಂದು ಹೊಳಲ್ಕೆರೆ ಕೋರ್ಟಿನಲ್ಲಿ ಪಾಲಿನ ದಾವೆ ಹಾಕಿದ್ದರು. ತೀರ್ಪು ಬರುವ ಮೊದಲೇ ಮಾರಿ ಕೈ ತೊಳೆದುಕೊಳ್ಳುವುದು ತಮ್ಮನ ಲೆಕ್ಕ. ಬೆಲೆ ಇಳಿಸಿದರೂ ಊರಿನಲ್ಲಿ ಯಾರೂ ಹತ್ತಿರ ಸುಳಿಯಲಿಲ್ಲ.

ಆ ಅಕ್ಕನೇ ಹಿಂದೆ ಬೆಲ್ಲ ತಂದುಕೊಟ್ಟ ಹುಡುಗಿ. ಈಗ ಎಪ್ಪತ್ತರ ಹತ್ತಿರ. ಊರಿನ ಅರ್ಧ ಜನ ದೊಡ್ಡಮ್ಮ ಎನ್ನುತ್ತಿದ್ದರು, ನಾನೂ ಹಾಗೆಯೇ ಕರೆಯುತ್ತಿದ್ದೆ.

ನರ್ಸಮ್ಮ ನನ್ನನ್ನೂ ಕರೆದುಕೊಂಡು ಹೊಳಲ್ಕೆರೆಯ ಒಬ್ಬ ವಕೀಲರ ಹತ್ತಿರ ಹೋದರು. ಒಳ್ಳೆಯ ಮನುಷ್ಯ. ಬೇಡ ಎಂದು ನಾಲ್ಕು ರೀತಿಯಲ್ಲಿ ಹೇಳಿದರು. ಕೇಸು ನಡೆಯುವಾಗ ಕೊಂಡರೆ ಕ್ರಯಪತ್ರವೇನೂ ಸುಳ್ಳಾಗುವುದಿಲ್ಲ, ಆದರೆ ಕೋರ್ಟು ಹೇಳಿದ್ದು ಕೊಂಡವರ ತಲೆಯ ಮೇಲೂ ಬೀಳುತ್ತದೆ. ಮಾರಿದವನಿಗೆ ಎಷ್ಟು ಸಿಗುತ್ತದೋ ಅಷ್ಟೇ ನಿಮಗೆ. ಕೇಸು ಇದ್ದದ್ದು ಗೊತ್ತಿರಲಿಲ್ಲ ಎಂದು ಆಮೇಲೆ ಅಂದರೂ ನಡೆಯುವುದಿಲ್ಲ.

"ಗೊತ್ತಿದ್ದೂ ಗೊತ್ತಿಲ್ಲ ಅಂತ ಯಾಕಂತೀನಿ ಸಾರ್?"

"ನೋಡ್ರಿ ನರ್ಸಮ್ಮ, ಆಯಮ್ಮಂದು ಅರ್ಧ ಪಾಲು ಗ್ಯಾರಂಟಿ. ಎರಡೆಕರೆಗೆ ಕೊಟ್ಟು ಒಂದೆಕರೆ ತಗಂತೀರಿ. ಯಾವ ಒಂದೆಕರೆ ಅನ್ನೋದು ನಂಗೂ ಗೊತ್ತಿಲ್ಲ, ಜಡ್ಜಿಗೂ ಗೊತ್ತಿಲ್ಲ."

ನರ್ಸಮ್ಮ ಕೈಗಳನ್ನು ಎದೆಯ ಮಟ್ಟಕ್ಕೆ ಎತ್ತಿ ಬೆರಳು ಬಿಡಿಸಿದರು. ಕೈ ಒದ್ದೆಯಿರಲಿಲ್ಲ. ಯೋಚಿಸುವಾಗಲೂ ಹಾಗೆ ಮಾಡುತ್ತಾರೆ ಎಂದು ಆ ದಿನ ಗೊತ್ತಾಯಿತು. "ಮರದ ಎಕರೆ ಬರ್ಬೋದೂ ಅಲ್ವಾ ಸಾರ್?" ಎಂದರು. ಬರಬಹುದು ಎಂದು ವಕೀಲರು ಒಪ್ಪಿಕೊಂಡರು. ಅಷ್ಟು ಸಾಕಾಯಿತು.

ಪತ್ರ ಬರೆಯುವವನ ಹತ್ತಿರ ನಡೆದದ್ದನ್ನು ನಾನು ಹಲವರಿಗೆ ಹೇಳಿದ್ದೇನೆ, ಹೇಳುತ್ತಾ ಹೇಳುತ್ತಾ ಸ್ವಲ್ಪ ಬೆಳೆದಿರಬಹುದು. ಅವನ ಕಂಪ್ಯೂಟರಿನಲ್ಲಿ ಎಲ್ಲ ಕ್ರಯಪತ್ರಕ್ಕೂ ಹೊಂದುವ ಸಾಲುಗಳು ಸಿದ್ಧವಾಗಿದ್ದವು. ಅದರಲ್ಲೊಂದು, ಸದರಿ ಸ್ವತ್ತಿನ ಮೇಲೆ ಯಾವುದೇ ದಾವೆ, ತಂಟೆ ತಕರಾರು ಇರುವುದಿಲ್ಲ ಎಂಬುದು. ನರ್ಸಮ್ಮ ಅಲ್ಲಿ ಬೆರಳಿಟ್ಟು, ಇದು ತೆಗೀರಿ ಎಂದರು.

"ಅಮ್ಮ, ಅದು ಎಲ್ಲಾ ಪತ್ರದಾಗೂ ಇರ್ತೈತೆ. ಮದುವೆ ಕಾಗದದಾಗೆ ಬಂಧುಮಿತ್ರರ ಆಗಮನ ಅಂತ ಹಾಕ್ಸಲ್ವ, ಹಂಗೆ."

"ಕೇಸು ಐತಲ್ಲ."

"ಇದ್ರೂ ಇಲ್ಲ ಅಂತ್ಲೇ ಬರೆಯೋದು ಕಣಮ್ಮ."

ಕೊನೆಗೆ ಅವನು ಬರೆದ: ‘ಸದರಿ ಸ್ವತ್ತಿನ ಮೇಲೆ ದಾವೆ ಇರುವುದು ಖರೀದಿದಾರರಿಗೆ ಚೆನ್ನಾಗಿ ತಿಳಿದಿರುತ್ತದೆ.’ ಬರೆದು, ಜೋರಾಗಿ ಓದಿ, ಪಕ್ಕದ ಮೇಜಿನವನನ್ನು ಕರೆದು ತೋರಿಸಿದ. ಇಬ್ಬರೂ ನಕ್ಕರು. ಮಾರುವವನು ತಲೆ ಎತ್ತಲಿಲ್ಲ. ‘ಚೆನ್ನಾಗಿ’ ಎಂಬ ಮಾತು ನಿಜವಾಗಿ ಪತ್ರದಲ್ಲಿತ್ತೋ ನಾನು ಸೇರಿಸಿದ್ದೋ, ಈಗ ನೋಡಲು ನನ್ನ ಬಳಿ ನಕಲಿಲ್ಲ.

ಅಲ್ಲಿಂದ ಮುಂದೆ ನರ್ಸಮ್ಮ ಕೋರ್ಟಿಗೆ ಅರ್ಜಿ ಹಾಕಿ ತಾವೂ ಪ್ರತಿವಾದಿಯಾದರು. ಹೊಲ ಕೈಬಿಟ್ಟ ತಮ್ಮ ಕೋರ್ಟಿನ ಕಡೆ ಬರುವುದನ್ನೂ ಬಿಟ್ಟ. ಹಾಗಾಗಿ ಅಕ್ಕ ತಮ್ಮನ ನಡುವಿನ ಕೇಸು ಇಬ್ಬರು ಹೆಂಗಸರ ನಡುವಿನ ಕೇಸಾಯಿತು. ಇಬ್ಬರ ವಕೀಲರೂ ಒಂದೇ ಬುದ್ಧಿ ಹೇಳಿದ್ದರು: ಎದುರು ಪಾರ್ಟಿಯ ಜೊತೆ ಒಂದು ಮಾತೂ ಆಡಬೇಡಿ, ಆಡಿದ್ದು ನಾಳೆ ಕೋರ್ಟಿನಲ್ಲಿ ಬರುತ್ತದೆ.

ಇಬ್ಬರೂ ಆ ಮಾತನ್ನು ಅಕ್ಷರಶಃ ಪಾಲಿಸಿದರು. ತೊಂದರೆ ಏನೆಂದರೆ, ದೊಡ್ಡಮ್ಮನಿಗೆ ಬಿ.ಪಿ. ಇತ್ತು. ತಿಂಗಳಿಗೊಮ್ಮೆ ಮಂಗಳವಾರ ಮಾತ್ರೆಗೆ ಬರಬೇಕು. ಮಾತ್ರೆ ಕೊಡುವವನು ನಾನು, ಅದಕ್ಕೂ ಮೊದಲು ಬಿ.ಪಿ. ನೋಡುವವರು ನರ್ಸಮ್ಮ.

ದೊಡ್ಡಮ್ಮ ಸ್ಟೂಲಿನ ಮೇಲೆ ಕೂತು ತೋಳು ಚಾಚುತ್ತಿದ್ದರು. ನರ್ಸಮ್ಮ ಪಟ್ಟಿ ಸುತ್ತಿ ಗಾಳಿ ತುಂಬುತ್ತಿದ್ದರು. ಇಬ್ಬರ ಮೊಣಕಾಲೂ ತಾಗುವಷ್ಟು ಹತ್ತಿರ. ಇಬ್ಬರೂ ನನ್ನ ಕಡೆ ನೋಡುತ್ತಿದ್ದರು.

"ಹೇಳಪ್ಪ ನಿಮ್ಮ ನರ್ಸಮ್ಮಂಗೆ, ಹಿಂಗೆ ಬಿಗಿಯಾಗಿ ಸುತ್ತಿದ್ರೆ ಕೇಸು ಬಿಡ್ತೀನಿ ಅಂದ್ಕಂಡವ್ಳಾ ಅಂತ."

"ಹೇಳಪ್ಪ ಅಕ್ಕಂಗೆ, ಉಪ್ಪಿನಕಾಯಿ ಬಿಡು ಅಂತ ಹೋದ್ ತಿಂಗಳೇ ಅಂದಿದ್ದೆ, ಬಿಟ್ಟಿಲ್ಲ ಅಂತ ಪಾದರಸ ಹೇಳ್ತೈತೆ."

"ಉಪ್ಪಿನಕಾಯಿ ನಂದು. ಅದ್ರಾಗೆ ಯಾರ್ದೂ ಪಾಲಿಲ್ಲ ಅನ್ನು."

ಮೊದಮೊದಲು ನಾನು ಪೆದ್ದನಂತೆ ಒಬ್ಬರ ಮಾತನ್ನು ಇನ್ನೊಬ್ಬರಿಗೆ ಮತ್ತೆ ಹೇಳುತ್ತಿದ್ದೆ. ಇಬ್ಬರೂ, ಕೇಳಿಸ್ತು ಬಿಡಪ್ಪ ಎನ್ನುತ್ತಿದ್ದರು. ಆಮೇಲೆ ಕಲಿತೆ. ಸುಮ್ಮನೆ ತಲೆಯಾಡಿಸಿದರೆ ಸಾಕು, ಮಾತು ತಲುಪುತ್ತಿತ್ತು.

ಹೀಗೆಯೇ ಎರಡು ವರ್ಷ ಹೋಯಿತು. ಮೊಮ್ಮಗಳ ನಾಮಕರಣಕ್ಕೆ ದೊಡ್ಡಮ್ಮ ನನ್ನ ಮೂಲಕ ನರ್ಸಮ್ಮನನ್ನು ಕರೆದರು. ನರ್ಸಮ್ಮ ನನ್ನ ಮೂಲಕ ಬರುವುದಿಲ್ಲ ಎಂದು ಹೇಳಿ, ನನ್ನ ಕೈಯಲ್ಲೇ ಕೂಸಿಗೆ ಅಂಗಿ ಕಳಿಸಿದರು. ನನಗೆ ಈಗ ನೆನಪಾಗುವುದು ಆ ಮಂಗಳವಾರಗಳು. ಕಿಟಕಿಯ ಹಳೆಯ ಹಸಿರು ಪರದೆ, ಸ್ಪಿರಿಟ್ಟಿನ ವಾಸನೆ, ಪಟ್ಟಿಯಿಂದ ಗಾಳಿ ಇಳಿಯುವ ಸದ್ದು, ಆ ಸದ್ದು ಮುಗಿಯುವವರೆಗೆ ಮೂವರೂ ಹಿಡಿದಿಟ್ಟುಕೊಳ್ಳುತ್ತಿದ್ದ ಮಾತು. ಚಿತ್ರದುರ್ಗದಲ್ಲಿ ನಾನೀಗ ಕೂರುವ ಕಿಟಕಿಗೆ ಕಬ್ಬಿಣದ ಜಾಲರಿಯಿದೆ, ಜನ ಚೀಟಿ ತೂರಿಸಿ ಮಾತ್ರೆ ತೆಗೆದುಕೊಂಡು ಹೋಗುತ್ತಾರೆ. ‘ಹೇಳಪ್ಪ’ ಎಂದು ಯಾರೂ ಶುರು ಮಾಡುವುದಿಲ್ಲ. ಯಾರಾದರೂ ಶುರು ಮಾಡಲಿ ಎಂದು ಕೆಲವು ಮಧ್ಯಾಹ್ನ ಆ ಜಾಲರಿಯಾಚೆ ನೋಡುತ್ತಾ ಕೂರುತ್ತೇನೆ.

ದೊಡ್ಡಮ್ಮನೂ ಮೊದಲಿನಿಂದ ಮರದ ಕಡೆಯ ಅರ್ಧವೇ ಬೇಕೆನ್ನುತ್ತಿದ್ದರು. ಅವರಿಗೆ ಆ ಮರ ಯಾಕೆ ಬೇಕಾಗಿತ್ತು ಎಂಬುದು ನನಗೆ ಇವತ್ತಿಗೂ ತಿಳಿಯದು. ಒಂದು ಸಲ, ಅಲ್ಲಿ ಜೋಕಾಲಿ ಕಟ್ಟುತ್ತಿದ್ದೆವು ಎಂದರು. ಇನ್ನೊಂದು ಸಲ, ಅಪ್ಪ ಹೊಲ ಕಾಯಲು ಅಲ್ಲೇ ಮಲಗುತ್ತಿದ್ದರು ಎಂದರು. ಮತ್ತೊಂದು ಸಲ ಕೇಳಿದಾಗ, "ನನ್ ಪಾಲು ಕೇಳಾಕೆ ನಿಂಗ್ಯಾಕಪ್ಪ ಕಾರಣ ಕೊಡ್ಲಿ?" ಎಂದು ಮಾತ್ರೆ ಎಣಿಸಿಕೊಂಡು ಎದ್ದರು. ಮೂರೂ ನಿಜವಿರಬಹುದು.

ಕೋರ್ಟು ಇಬ್ಬರಿಗೂ ಅರ್ಧ ಅರ್ಧ ಎಂದಿತು. ಹೊಲ ಅಳೆಯಲು ಕಮಿಷನರೆಂದು ಒಬ್ಬ ಯುವ ವಕೀಲರನ್ನು ಕಳಿಸಿದರು, ಜೊತೆಗೆ ಸರ್ವೆಯವರು. ಅಡ್ಡಲಾಗಿ ಮಧ್ಯದಲ್ಲಿ ಬಾಂದು ಕಲ್ಲು ನೆಟ್ಟರು. ಮೇಲೆ ಒಂದೆಕರೆ, ಮರ. ಕೆಳಗೆ ಒಂದೆಕರೆ, ಬದು. ಯಾರಿಗೆ ಯಾವುದು ಎಂದರೆ ಇಬ್ಬರೂ ಮೇಲಿನದೇ ಬೇಕೆಂದರು. ಒಪ್ಪಿಕೊಂಡು ಬನ್ನಿ, ಇಲ್ಲವಾದರೆ ಕೋರ್ಟೇ ತೀರ್ಮಾನ ಮಾಡುತ್ತದೆ ಎಂದು ಮುಂದಿನ ತಾರೀಖು ಕೊಟ್ಟರು.

ಆ ತಾರೀಖಿಗೆ ಮುಂಚಿನ ಮಂಗಳವಾರ ದೊಡ್ಡಮ್ಮ ಬಂದರು. ಬೇರೆ ರೋಗಿಗಳು ಯಾರೂ ಇರಲಿಲ್ಲ. ಪಟ್ಟಿ ಸುತ್ತಿದ ಮೇಲೆ ನರ್ಸಮ್ಮ ಗಾಳಿ ಹಾಕಲಿಲ್ಲ. ರಬ್ಬರ್ ಬುಡ್ಡೆ ಹಿಡಿದು ನನ್ನ ಕಡೆ ನೋಡಿದರು.

"ಕೇಳಪ್ಪ ಅಕ್ಕನ್ನ. ಅವ್ರಪ್ಪನ ಹೊಲ್ದಾಗೆ ಮಂದೆ ಹಾಕಿದ್ದಾಗ ಒಂದು ಹೆರಿಗೆ ಆಗಿತ್ತಲ್ಲ, ನೆನಪೈತಾ ಅಂತ."

ಇಷ್ಟು ವರ್ಷದಲ್ಲಿ ಅವರು ಆ ವಿಷಯ ಎತ್ತಿರಲಿಲ್ಲ. ನಾನು ಕೇಳಲಿಲ್ಲ, ಕೇಳುವ ಅಗತ್ಯವಿರಲಿಲ್ಲ. ದೊಡ್ಡಮ್ಮ ಸೆರಗಿನಿಂದ ಬಾಯಿ ಒರೆಸಿಕೊಂಡರು.

"ಹೇಳಪ್ಪ ಅವ್ಳಿಗೆ, ನೆನಪೈತೆ. ಬೆಲ್ಲದ ಉಂಡೆ ಹಿಡ್ಕಂಡು ಓಡಿದ್ದು ನಾನೇ." ತೋಳಿನ ಪಟ್ಟಿ ಸರಿಮಾಡಿಕೊಂಡು ಮುಂದುವರಿಸಿದರು. "ಇನ್ನೊಂದು ಹೇಳು. ಅವತ್ತು ಮಂದೆ ಮರದ ತಾವ ಇರ್ಲಿಲ್ಲ. ಮೊದಲ್ನೇ ದಿನ ಮರದ ತಾವ ಹಾಕಿದ್ರು. ಸರೀತಾ ಸರೀತಾ ಮೂರನೇ ದಿನಕ್ಕೆ ಕೆಳಗೆ ಹೋಗಿತ್ತು. ಅವ್ಳ ಅಮ್ಮ ಹಡೆದಿದ್ದು ಹಳ್ಳದ ಕಡೆ, ಬದುವಿನ ತಾವ. ಮರಕ್ಕೂ ಅವ್ಳಿಗೂ ಏನೂ ಇಲ್ಲ ಅನ್ನು."

ನರ್ಸಮ್ಮ ಆಗ ಗಾಳಿ ಹಾಕಿದರು. ಸ್ಟೆತಸ್ಕೋಪು ಕಿವಿಗಿಟ್ಟು ಪಾದರಸ ಇಳಿಯುವುದನ್ನೇ ನೋಡಿದರು. ಬಹಳ ನಿಧಾನವಾಗಿ ಇಳಿಸಿದರು. "ಹೇಳಪ್ಪ ಅಕ್ಕಂಗೆ, ಇವತ್ತು ಜಾಸ್ತಿ ಐತೆ" ಎಂದರು. ಎದ್ದು ಹೋಗಿ ಕೈ ತೊಳೆದುಕೊಂಡು, ಎರಡೂ ಕೈ ಎತ್ತಿಕೊಂಡು ಕಿಟಕಿಯ ಹತ್ತಿರ ನಿಂತರು.

ಮುಂದಿನ ತಾರೀಖಿಗೆ, ನನಗೆ ಕೆಳಗಿನ ಎಕರೆಯೇ ಇರಲಿ ಎಂದು ಬರೆದುಕೊಟ್ಟರು. ಅವರ ವಕೀಲರು ಪೆನ್ನು ಕೆಳಗಿಟ್ಟು, ಇಷ್ಟಕ್ಕೆ ಇಷ್ಟೆಲ್ಲ ಯಾಕೆ ಮಾಡಿದಿರಿ ಎಂದು ಕೇಳಿದರಂತೆ. ರಾಜಿಯಾಯಿತು. ಹೊರಗೆ ಬಂದ ಮೇಲೆ, ಇನ್ನು ಮಾತಾಡಬಹುದಿತ್ತು. ಆದರೆ ಇಬ್ಬರಿಗೂ ನನ್ನ ಮುಖ ನೋಡಿ ಮಾತಾಡುವುದೇ ರೂಢಿಯಾಗಿತ್ತು. "ಹೇಳಪ್ಪ ಅವ್ಳಿಗೆ, ಬಸ್ಸಿಗೆ ಹೊತ್ತಾಗ್ತೈತೆ, ಜೊತೇಲೇ ಹೋಗಾಣ ಅಂತ" ಎಂದರು ದೊಡ್ಡಮ್ಮ.

ಆ ದಿನಗಳಲ್ಲಿ ನರ್ಸಮ್ಮನನ್ನು ನೋಡಬೇಕಿತ್ತು. ಮರದ ಮಾತೇ ಎತ್ತುತ್ತಿರಲಿಲ್ಲ. ಸಂಜೆ ಹೊಲಕ್ಕೆ ಹೋದರೆ ನೇರ ಬದುವಿನ ಹತ್ತಿರ. ಒಂದು ದಿನ ನನ್ನನ್ನೂ ಕರೆದುಕೊಂಡು ಹೋಗಿ, ಹಳ್ಳದ ಕಡೆ ಮುಖ ಮಾಡಿ ನಿಂತು, ಎಡಕ್ಕೆ ಏನಿದೆ, ಬಲಕ್ಕೆ ಏನಿದೆ ಎಂದು ನನ್ನಿಂದ ಹೇಳಿಸಿದರು. ಎಡಕ್ಕೆ ಕಳ್ಳಿ, ಬಲಕ್ಕೆ ಒಂದು ದುಂಡು ಬಂಡೆ. ಅದನ್ನು ಅವರು ಯಾವ ಪುಸ್ತಕದಲ್ಲೂ ಬರೆದುಕೊಳ್ಳಲಿಲ್ಲ. ಬರೆಯುವುದಾಗಿದ್ದರೆ ಎರಡು ಬೆರಳು ಖಂಡಿತ ಸಾಲುತ್ತಿರಲಿಲ್ಲ.

ನಿವೃತ್ತಿಗೆ ಮುಂಚಿನ ಆ ಸುಗ್ಗಿ ಮುಗಿದ ಮೇಲೆ ತಮ್ಮ ಎಕರೆಗೆ ಮಂದೆ ಹಾಕಿಸಬೇಕೆಂದು ಹಿರಿಯೂರು ಕಡೆಯ ಕುರಿಯವರನ್ನು ಕರೆಸಿದರು. ನಾನೂ ಹೋಗಿದ್ದೆ. ಇನ್ನೂ ಬಿಸಿಲಿತ್ತು. ಕುರಿ ಹಿಂದೆ ಬರುತ್ತಿದ್ದವು, ಮುಂದೆ ಬಂದ ಯಜಮಾನ ಹೊಲವನ್ನು ಒಮ್ಮೆ ಮೇಲಿನಿಂದ ಕೆಳಗೆ ನೋಡಿ, ನೇರವಾಗಿ ಬದುವಿನ ಹತ್ತಿರ ಹೋಗಿ ಕೋಲು ಊರಿದ.

"ಇಲ್ಲಿಂದ" ಎಂದ.

ನರ್ಸಮ್ಮ ನಕ್ಕರು. "ಯಾಕಜ್ಜ, ಮ್ಯಾಲಿಂದ ಶುರು ಮಾಡಲ್ವಾ?"

"ಕುರಿಯೋರ ಮನೆ ಹೆಣ್ಣಮ್ಮ ಅಂದ್ರು, ಇದು ಗೊತ್ತಿಲ್ವಾ? ಮಂದೆ ಯಾವತ್ತೂ ತಗ್ಗಿಂದ ದಿಬ್ಬಕ್ಕೆ ಹತ್ತಬೇಕು. ಮ್ಯಾಲಿಂದ ಇಳಿಸಿದ್ರೆ ನಿನ್ನೆ ಮಂದೆ ಉಚ್ಚೆ ಎಲ್ಲ ಇವತ್ತಿನ ಮರಿಗಳ ಹೊಟ್ಟೆ ಕೆಳಗೆ ಹರಿದು ಬರ್ತೈತೆ. ನಮ್ಮಪ್ಪ ಹಿಂಗೇ, ಅವ್ರಪ್ಪ ಹಿಂಗೇ. ಯಾವ ಕುರಿಯೋನೂ ಮ್ಯಾಲಿಂದ ಹಾಕಲ್ಲ."

ಅವರಿಗೆ ಗೊತ್ತಿರಲಿಲ್ಲ. ಏಳನೇ ವರ್ಷಕ್ಕೇ ಅವರನ್ನು ಹಿರಿಯೂರಿನಲ್ಲಿ ಹಾಸ್ಟೆಲಿಗೆ ಸೇರಿಸಿದ್ದರು. ಮಂದೆ ದಿನಾ ಸರಿಯುತ್ತದೆ ಎಂದು ತಿಳಿದಿದ್ದರು, ಯಾವ ಕಡೆಯಿಂದ ಯಾವ ಕಡೆಗೆ ಎಂದು ಯಾರೂ ಹೇಳಿರಲಿಲ್ಲ.

"ಹಂಗಾದ್ರೆ ಮೂರನೇ ದಿನಕ್ಕೆ?" ಎಂದು ಕೇಳಿದರು.

ಯಜಮಾನ ಕೋಲೆತ್ತಿ ಇಳಿಜಾರಿನ ಮೇಲಕ್ಕೆ ತೋರಿಸಿದ. "ಇವತ್ತು ಇಲ್ಲಿ. ನಾಳೆ ಆ ಕಲ್ಲಿನ ತಾವ. ಮೂರನೇ ದಿನಕ್ಕೆ ಮರದ ತಾವ. ಆದ್ರೆ ಅದು ನಿಮ್ದಲ್ಲವಂತಲ್ಲ, ಎರಡೇ ದಿನ ಬಿಡ್ರಿ."

ನರ್ಸಮ್ಮ ಎರಡೂ ಕೈ ಎತ್ತಿ ಬೆರಳು ಬಿಡಿಸಿಕೊಂಡು ನಿಂತರು. ಕುರಿ ಬಂದು ಅವರ ಸುತ್ತ ಹರಿದು ಮುಂದಕ್ಕೆ ಹೋದವು. ಅವರು ಮರದ ಕಡೆ ನೋಡಿದರು ಎಂದು ನನ್ನ ನೆನಪು. ಅಥವಾ ನೋಡಿದ್ದು ನಾನು.

ವಾಪಸು ಬರುವಾಗ ದಾರಿಯಲ್ಲಿ ನಾನೇ ತಡೆಯಲಾರದೆ, ದೊಡ್ಡಮ್ಮ ಹಾಗೇಕೆ ಹೇಳಿದರು ಎಂದು ಕೇಳಿದೆ.

"ಅಕ್ಕಂಗೆ ಆಗ ಹತ್ತು ವರ್ಷ" ಎಂದರು. "ನಾನಂತೂ ಅವತ್ತು ಕಣ್ಣೇ ಬಿಟ್ಟಿರ್ಲಿಲ್ಲ. ನಮ್ಮಿಬ್ರಾಗೆ ಸಾಕ್ಷಿ ಅವ್ಳೇ ಅಲ್ವಾ?" ಆಸ್ಪತ್ರೆಯ ಗೇಟಿನ ಹತ್ತಿರ ಬಂದ ಮೇಲೆ ನಿಂತು, "ಲೇ ತಮ್ಮ, ಅಜ್ಜ ಹೇಳಿದ್ದು ಅಕ್ಕಂಗೆ ಹೇಳಬ್ಯಾಡ. ಬಿ.ಪಿ. ಏರ್ತೈತೆ" ಎಂದರು.

ನಾನು ಹೇಳಲಿಲ್ಲ. ಅವರ ಇಷ್ಟು ವರ್ಷದ ಮಾತುಗಳಲ್ಲಿ ನಾನು ತಲುಪಿಸದೆ ಉಳಿಸಿಕೊಂಡದ್ದು ಅದೊಂದೇ.

ಎರಡು ದಿನ ಮಂದೆ ಹಾಕಿಸಿ ಮೂರನೇ ದಿನ ಕುರಿಯವರನ್ನು ಕಳಿಸಿಬಿಟ್ಟರು. ಆಮೇಲೂ ಹೊಲಕ್ಕೆ ಹೋಗುತ್ತಿದ್ದರು, ಬದುವಿನ ಹತ್ತಿರವೇ ನಿಲ್ಲುತ್ತಿದ್ದರು. ನಂಬಿ ನಿಲ್ಲುತ್ತಿದ್ದರೋ, ನಂಬಿದ ಹಾಗೆ ನಿಲ್ಲುತ್ತಿದ್ದರೋ. ಅವರನ್ನು ಪೂರ್ತಿ ಬಲ್ಲೆ ಎನ್ನುವ ಧೈರ್ಯ ನನಗೆ ಆ ಒಂದು ಜಾಗದಲ್ಲಿ ಬರುವುದಿಲ್ಲ.

ನಿವೃತ್ತಿಯಾಗಿ ಅವರು ಹಿರಿಯೂರಿಗೆ, ತಮ್ಮ ಒಡಹುಟ್ಟಿದವನ ಮಗನ ಮನೆಗೆ ಹೋದರು. ಎಕರೆಯನ್ನು ನೋಡಿಕೊಳ್ಳಲು ದೊಡ್ಡಮ್ಮನಿಗೇ ಬಿಟ್ಟರು. ನಾನು ಚಿತ್ರದುರ್ಗಕ್ಕೆ ವರ್ಗವಾಗಿ ಬಂದೆ. ಫೋನು ಮಾಡಿದಾಗಲೆಲ್ಲ ಕೊನೆಗೆ ಒಂದೇ ಮಾತು: "ಅಕ್ಕ ಮಾತ್ರೆ ತಗಂತಾ ಅವ್ಳಂತಾ?" ಇಲ್ಲಿ ಕೂತು ನನಗೆ ಹೇಗೆ ಗೊತ್ತಾಗಬೇಕು? ತಗೊಳ್ತಿದ್ದಾರೆ ಎನ್ನುತ್ತಿದ್ದೆ.

ಹೋದ ವರ್ಷ ಅವರು ತೀರಿಕೊಂಡ ಸುದ್ದಿ ಕಾರ್ಯವೆಲ್ಲ ಮುಗಿದ ಮೇಲೆ ತಲುಪಿತು. ಮರಣದ ದಾಖಲೆಯಲ್ಲಿ ಸ್ಥಳದ ಅಂಕಣಕ್ಕೆ ‘ಹಿರಿಯೂರು’ ಎಂದು ಬರೆದಿರುತ್ತಾರೆ. ನಾಲ್ಕು ಅಕ್ಷರ, ಜಾಗ ಉಳಿದೇ ಇರುತ್ತದೆ. ಒಂದು ಭಾನುವಾರ ಬಸ್‌ಸ್ಟ್ಯಾಂಡಿಗೆ ಹೋದವನು ಹಿರಿಯೂರಿನ ಬಸ್ಸು ಬಿಟ್ಟು ಹೊಳಲ್ಕೆರೆಯ ಬಸ್ಸು ಹತ್ತಿದೆ.

ದೊಡ್ಡಮ್ಮ ಬೇವಿನ ಮರದ ಕೆಳಗೆ ಕಲ್ಲಿನ ಮೇಲೆ ಕೂತಿದ್ದರು. ನನ್ನನ್ನು ನೋಡಿ, "ಮಾತ್ರೆ ತಂದ್ಯೇನಪ್ಪ?" ಎಂದರು. ಕುಂತ್ಕ ಎಂದು ಪಕ್ಕದ ಬೇರು ತೋರಿಸಿದರು. ಹೊಲದ ಮಧ್ಯದ ಬಾಂದು ಕಲ್ಲುಗಳು ಹಾಗೆಯೇ ಇದ್ದವು. ಅಲ್ಲಿ ಬದು ಹಾಕಿರಲಿಲ್ಲ. ನೇಗಿಲಿನ ಸಾಲು ಎರಡು ಎಕರೆಗೂ ಒಂದೇ ಆಗಿ ಕೆಳಗಿನವರೆಗೆ ಇಳಿದಿತ್ತು.

"ಒಂದು ಕೇಳ್ತೀನಿ" ಎಂದರು ದೊಡ್ಡಮ್ಮ. "ಅವತ್ತು ನಾನು ಹೇಳಿದ್ದು ಅವ್ಳು ನಂಬಿದ್ಲಾ?"

"ನಂಬಿದ್ರು" ಎಂದೆ.

ಅವರು ನನ್ನ ಮುಖವನ್ನೇ ನೋಡಿದರು. ಎದುರಿಗೆ ಇನ್ನೊಬ್ಬರು ಇಲ್ಲದೆ ಅವರು ನನ್ನನ್ನು ಹಾಗೆ ನೋಡಿದ್ದು ಅದೇ ಮೊದಲು.

ಅಷ್ಟರಲ್ಲಿ ಕುರಿ ಬಂದವು. ಮುಂದೆ ಅದೇ ಯಜಮಾನ, ಇನ್ನಷ್ಟು ಬಾಗಿದ್ದ. ಅವನು ಬದುವಿನ ಕಡೆಗೆ ಹೋಗಲಿಲ್ಲ. ನೇರ ಮರದ ಹತ್ತಿರ ಬಂದು ಬಲೆಯ ಗೂಟ ಇಳಿಸಿದ. ನನ್ನನ್ನು ಕಂಡು ಗೊಣಗಿದ.

"ನೀವಾದ್ರೂ ಹೇಳ್ರಿ ಸಾರ್. ಮೂರು ವರ್ಷದಿಂದ ಈಯಮ್ಮ ನನ್ ಕೈಲಿ ತಲೆಕೆಳಗೆ ಮಂದೆ ಹಾಕಿಸ್ತಾಳೆ. ಮರಿ ಕೆಡ್ತವೆ ಅಂದ್ರೆ ಕೇಳಲ್ಲ. ಮರದ ತಾವಿಂದ್ಲೇ ಶುರು ಆಗಬೇಕಂತೆ. ಕುರಿಯೋರೆಲ್ಲ ನಗ್ತಾರೆ."

"ನಗ್ಲಿ ಬಿಡು" ಎಂದರು ದೊಡ್ಡಮ್ಮ. "ನೆಲಕ್ಕೆ ಒಣಹುಲ್ಲು ಹಾಕ್ಸೀನಿ, ನಿನ್ ಮರಿಗೇನೂ ಆಗಲ್ಲ. ಗೂಟ ಹೊಡಿ."

ಅವನು ಗೂಟ ಹೊಡೆಯತೊಡಗಿದ. ಕುರಿ ಒಂದಕ್ಕೊಂದು ಒತ್ತಿಕೊಂಡು ಮರದ ನೆರಳಿಗೆ ತುಂಬಿಕೊಂಡವು. ದೊಡ್ಡಮ್ಮ ಎದ್ದು, ಸೆರಗು ಕೊಡವಿ, ಇಳಿಜಾರಿನ ಕೆಳಗೆ ಬದುವಿನ ಕಡೆ ನೋಡುತ್ತಾ ನಿಂತರು. ಆಮೇಲೆ ನನ್ನ ಕಡೆ ತಿರುಗಿದರು.

"ಹೇಳಪ್ಪ ಅವ್ಳಿಗೆ" ಎಂದರು. "ಮೂರನೇ ದಿನಕ್ಕೆ ಮಂದೆ ಬದುವಿನ ತಾವ ಬರ್ತೈತೆ ಅಂತ."

ನಾನು ತಲೆಯಾಡಿಸಿದೆ.